ಮನೆಯೊಳಗಿಂದ ಹೊರಟ ಆಕಾಶವಾಣಿ

ರಾಜರಾಜೇಶ್ವರಿನಗರದ ಹೆಬ್ಬಾಗಿಲನ್ನು ದಾಟಿ ಮೈಸೂರು ರಸ್ತೆಗೆ ಬಂದು ನಿಂತವರ ಬಲಗಡೆಗೆ ಬೆಂಗಳೂರಿನ ಪೇಟೆ, ಎಡಗಡೆಗೆ ಕೆಂಗೇರಿಯನ್ನು ಹಾದು ಮೈಸೂರಿಗೆ ಹೋಗುವ ದಾರಿ. ತಲೆಯ ಮೇಲೆ 2021ರಿಂದ ನಮ್ಮ ಮೆಟ್ರೊ ಗಾಡಿಯ ಓಡಾಟ. ಈ ಬಡಾವಣೆಯಲ್ಲಿ ಮೈಸೂರಿನಿಂದ ಬಂದು ನೆಲೆಸಿದ ಕುಟುಂಬಗಳು ಕಡಿಮೆಯಲ್ಲ. ಅಂಥ ಒಂದು ಮನೆಯ ನಡುಮನೆಯಲ್ಲಿ, ಗಾಜಿನ ಬೀರುವಿನ ಮೇಲೆ, ಮರದ ಪೆಟ್ಟಿಗೆಯ ಹಳೆಯ ರೇಡಿಯೊ ಒಂದು ಕೂತಿದೆ. ಅದು ಹಾಡುವುದನ್ನು ಬಿಟ್ಟು ಎಷ್ಟೋ ವರ್ಷಗಳಾದವು. ಆದರೂ ಪ್ರತಿ ಆಯುಧಪೂಜೆಯಲ್ಲಿ ಅದಕ್ಕೊಂದು ಹೂವು, ಒಂದು ಬೊಟ್ಟು ಕುಂಕುಮ ತಪ್ಪುವುದಿಲ್ಲ. 

ಒಂದು ಆಯುಧಪೂಜೆಯ ದಿನ ಆ ಮನೆಯ ಮೊಮ್ಮಗ, ಎಂಬತ್ತನ್ನು ದಾಟಿದ ತನ್ನ ಅಜ್ಜಿಯನ್ನು ಕೇಳಿದ: "ಅಜ್ಜಿ, ಆಕಾಶವಾಣಿ ಅನ್ನೋ ಹೆಸರು ದೆಹಲಿಯವರು ಇಟ್ಟದ್ದಲ್ಲವೆ?"

ಅಜ್ಜಿ ಹೂವು ಮುಡಿಸುತ್ತಿದ್ದ ಕೈಯನ್ನು ತಡೆದು, "ಅಲ್ಲ ಮಗು. ಅದು ನಮ್ಮ ಒಂಟಿಕೊಪ್ಪಲಿನ ಒಬ್ಬರು ಮೇಷ್ಟರ ಮನೆಯಲ್ಲಿ ಹುಟ್ಟಿದ್ದು. ನಾನು ಲಂಗ ಉಟ್ಟು ಓಡಾಡುತ್ತಿದ್ದಾಗ ಮೈಸೂರಿಗೆ ತನ್ನದೇ ರೇಡಿಯೊ ಇತ್ತು. ಆಮೇಲೆ ಅದನ್ನು ಬೆಂಗಳೂರಿಗೆ ತಂದುಬಿಟ್ಟರು" ಎಂದರು.

ಮೊಮ್ಮಗನಿಗೆ ಇದು ಅಜ್ಜಿಯ ಊರಭಿಮಾನದ ಮಾತೆನಿಸಿ ನಗು ಬಂತು. ಆದರೆ ಅಜ್ಜಿ ಹೇಳಿದ್ದರಲ್ಲಿ ಉತ್ಪ್ರೇಕ್ಷೆಯೇನೂ ಇರಲಿಲ್ಲ.

ಆ ಮೇಷ್ಟರು ಡಾ. ಎಂ. ವಿ. ಗೋಪಾಲಸ್ವಾಮಿ, ಮೈಸೂರಿನ ಮಹಾರಾಜ ಕಾಲೇಜಿನಲ್ಲಿ ಮನಶ್ಶಾಸ್ತ್ರದ ಪ್ರಾಧ್ಯಾಪಕರು. ಲಂಡನ್ನಿನಲ್ಲಿ ಉನ್ನತ ವ್ಯಾಸಂಗ ಮಾಡಿ ಹಿಂದಿರುಗಿ, ಮೈಸೂರು ವಿಶ್ವವಿದ್ಯಾನಿಲಯದಲ್ಲಿ ಮನಶ್ಶಾಸ್ತ್ರದ ಅಧ್ಯಯನಕ್ಕೆ ಬುನಾದಿ ಹಾಕಿದವರು. ಅವರ ಮನೆಯ ಹೆಸರು 'ವಿಠಲ ವಿಹಾರ'. 1935ನೆಯ ಇಸವಿ ಸೆಪ್ಟೆಂಬರ್ 10ರಂದು ಆ ಮನೆಯಿಂದ, 30 ವ್ಯಾಟ್ ಶಕ್ತಿಯ ಒಂದು ಪುಟ್ಟ ಪ್ರೇಷಕ ಯಂತ್ರದ ಮೂಲಕ, ಕನ್ನಡ ನಾಡಿನ ಮೊದಲ ಬಾನುಲಿ ನಿಲಯ ಮಾತನಾಡಿತು. ಅದಕ್ಕೆ ಸರ್ಕಾರದ ಆಜ್ಞೆಯೂ ಕಾರಣವಲ್ಲ, ಯಾವುದೋ ಕಂಪೆನಿಯ ಲಾಭದ ಲೆಕ್ಕಾಚಾರವೂ ಕಾರಣವಲ್ಲ. ಪಾಠ ಹೇಳುವ ಒಬ್ಬ ಗೃಹಸ್ಥರ ಹವ್ಯಾಸವೂ ಅವರ ಕೈಯ ಹಣವೂ ಸೇರಿ ಅದು ಸಾಧ್ಯವಾಯಿತು.

ಮೂವತ್ತು ವ್ಯಾಟ್ ಎಂದರೆ ಎಷ್ಟು ಎಂಬುದನ್ನು ವಾಚಕರು ತಮ್ಮ ಮನೆಯಲ್ಲಿಯೇ ಊಹಿಸಿಕೊಳ್ಳಬಹುದು. ಹಿಂದಿನ ಕಾಲದ ಮನೆಗಳ ಪಡಸಾಲೆಯಲ್ಲಿ ಉರಿಯುತ್ತಿದ್ದ ನಲವತ್ತು ವ್ಯಾಟಿನ ಬಲ್ಬು ಕೂಡ ಅದಕ್ಕಿಂತ ಹೆಚ್ಚಿನ ವಿದ್ಯುತ್ತನ್ನು ತಿನ್ನುತ್ತಿತ್ತು. ಮುಂದೆ ಬೆಂಗಳೂರಿನ ಯಲಹಂಕದಲ್ಲಿ ಎದ್ದು ನಿಂತ ಪ್ರೇಷಕದ ಶಕ್ತಿ 200 ಕಿಲೋವ್ಯಾಟ್. ಮೈಸೂರಿನ ಆ ಯಂತ್ರದ ಆರು ಸಾವಿರ ಪಟ್ಟಿಗೂ ಮಿಗಿಲು. ಆದರೆ ಮೊದಲ ಹಣತೆಯನ್ನು ಹಚ್ಚಿದವರನ್ನು, ಆ ಹಣತೆಯಲ್ಲಿ ಎಷ್ಟು ಎಣ್ಣೆಯಿತ್ತೆಂದು ಕೇಳುವುದು ನ್ಯಾಯವಲ್ಲ.

ಆ ದಿನಗಳಲ್ಲಿ ಬಾನುಲಿಯೆಂಬುದು ಭಾರತಕ್ಕೆ ತೀರ ಹೊಸದಾಗಿರಲಿಲ್ಲ. ಆದರೆ ಅದರ ಅದೃಷ್ಟ ಮಾತ್ರ ಚೆನ್ನಾಗಿರಲಿಲ್ಲ. 1924ರಲ್ಲಿ ಸಿ. ವಿ. ಕೃಷ್ಣಸ್ವಾಮಿ ಚೆಟ್ಟಿಯವರ ಮುಂದಾಳ್ತನದಲ್ಲಿ ಮದರಾಸಿನ ರೇಡಿಯೊ ಕ್ಲಬ್ಬು ಪ್ರಸಾರವನ್ನು ಆರಂಭಿಸಿ, ಹಣದ ಮುಗ್ಗಟ್ಟಿನಿಂದ 1927ರಲ್ಲಿ ಬಾಗಿಲು ಮುಚ್ಚಿತು. ಅದೇ 1927ರ ಜುಲೈ 23ರಂದು ಮುಂಬಯಿಯಲ್ಲಿಯೂ, ಮುಂದಿನ ತಿಂಗಳು ಕಲ್ಕತ್ತೆಯಲ್ಲಿಯೂ ನಿಲಯಗಳನ್ನು ತೆರೆದ ಇಂಡಿಯನ್ ಬ್ರಾಡ್‌ಕಾಸ್ಟಿಂಗ್ ಕಂಪೆನಿ ಮೂರೇ ವರ್ಷಗಳಲ್ಲಿ, 1930ರಲ್ಲಿ, ದಿವಾಳಿಯಾಯಿತು. ಬಳಿಕ ಸರ್ಕಾರವೇ ಆ ಭಾರವನ್ನು ಹೊತ್ತುಕೊಳ್ಳಬೇಕಾಯಿತು. ಆದ್ದರಿಂದ ಗೋಪಾಲಸ್ವಾಮಿಯವರ ನಿಲಯವನ್ನು ಭಾರತದ ಮೊಟ್ಟಮೊದಲನೆಯದೆಂದು ಅಭಿಮಾನದಿಂದ ಹೇಳುವವರ ಮಾತು ನಿಜವಲ್ಲ. ಅಂಥ ಹೆಚ್ಚಿನ ಹೊಗಳಿಕೆ ಅದಕ್ಕೆ ಬೇಕಾಗಿಯೂ ಇಲ್ಲ. ಶ್ರೀಮಂತ ಕಂಪೆನಿಯೊಂದು ಕೈಸುಟ್ಟುಕೊಂಡ ಐದೇ ವರ್ಷಗಳ ತರುವಾಯ, ಸಂಬಳವನ್ನು ನಂಬಿದ ಒಬ್ಬ ಅಧ್ಯಾಪಕರು ಅದೇ ಬೆಂಕಿಗೆ ಕೈಯಿಟ್ಟರೆಂಬುದೇ ಅದರ ಹಿರಿಮೆ.

ಅಂಥ ಸಾಹಸಕ್ಕೆ ಮೈಸೂರು ತಕ್ಕ ನೆಲವೂ ಆಗಿತ್ತು. ಶಿವನಸಮುದ್ರದ ವಿದ್ಯುತ್ತು 1902ರಲ್ಲಿ ಕೋಲಾರದ ಚಿನ್ನದ ಗಣಿಗಳಿಗೂ, 1905ರಲ್ಲಿ ಬೆಂಗಳೂರಿಗೂ ಹರಿದು, ಅನಂತರ ಮೈಸೂರಿನ ಬೀದಿ ಮನೆಗಳನ್ನೂ ಬೆಳಗಿತ್ತು. 1916ರಲ್ಲಿ ಆರಂಭವಾದ ವಿಶ್ವವಿದ್ಯಾನಿಲಯ ಊರಿಗೆ ವಿದ್ವಾಂಸರನ್ನು ತಂದಿತ್ತು. ನಾಲ್ವಡಿ ಕೃಷ್ಣರಾಜ ಒಡೆಯರ ಆಸ್ಥಾನ ಸಂಗೀತಗಾರರ ತವರಾಗಿತ್ತು. ವಿದ್ಯುತ್ತು, ವಿದ್ವತ್ತು, ಸಂಗೀತ ಈ ಮೂರೂ ಒಂದೇ ಊರಿನಲ್ಲಿ, ನಡೆದು ಹೋಗುವಷ್ಟು ಹತ್ತಿರದಲ್ಲಿದ್ದಾಗ ಬಾನುಲಿಗೆ ಬೇಕಾದ ಸಾಮಗ್ರಿಯನ್ನು ದೂರದಿಂದ ತರಿಸುವ ಅಗತ್ಯವಿರಲಿಲ್ಲ. ಮೊದಲ ಪ್ರಸಾರದಲ್ಲಿ ಕುವೆಂಪು ಅವರು ಕವನ ವಾಚನ ಮಾಡಿದರೆಂದೂ, ಪಿಟೀಲು ಚೌಡಯ್ಯನವರು ನುಡಿಸಿದರೆಂದೂ ಮೈಸೂರಿನ ಹಿರಿಯರು ನೆನೆಯುತ್ತ ಬಂದಿದ್ದಾರೆ. ಆಗ ಕುವೆಂಪು ಅವರಿಗೆ ಇನ್ನೂ ಮೂವತ್ತು ವರ್ಷ. ಅದೇ ಮಹಾರಾಜ ಕಾಲೇಜಿನಲ್ಲಿ ಅಧ್ಯಾಪಕರು.

ಈಗ ಆ ಯಂತ್ರದ ಕೆಲಸ ಹೇಗಿತ್ತೆಂಬುದನ್ನು ಸ್ವಲ್ಪ ನೋಡೋಣ. ಅಂದಿನ ಎಲ್ಲ ನಿಲಯಗಳಂತೆ ಅದೂ ಎ.ಎಂ. ಪದ್ಧತಿಯ ನಿಲಯ. ಸಮನಾದ ಎತ್ತರದ ಅಲೆಗಳನ್ನು ಎಡೆಬಿಡದೆ ಹೊರಡಿಸುವುದು ಪ್ರೇಷಕದ ಕೆಲಸ. ಮೈಕಿನ ಮುಂದೆ ಮಾತನಾಡಿದಾಗ ಆ ಮಾತಿನ ಏರಿಳಿತಕ್ಕೆ ಸರಿಯಾಗಿ ಅಲೆಗಳ ಎತ್ತರವೂ ಏರಿಳಿಯುತ್ತದೆ. ಕೇಳುವವರ ಮನೆಯ ರೇಡಿಯೊ ಆ ಎತ್ತರದ ವ್ಯತ್ಯಾಸವನ್ನು ಹಿಡಿದು ಮತ್ತೆ ಮಾತಾಗಿ ಮಾಡುತ್ತದೆ. ಮೂಟೆ ಹೊತ್ತ ಎತ್ತಿನ ಗಾಡಿ ಊರಿಂದೂರಿಗೆ ಹೋಗುವಂತೆ, ಅಲೆ ಗಾಡಿಯಾದರೆ ಮಾತು ಮೂಟೆ.

ಈ ಪದ್ಧತಿಗೆ ಒಂದು ಗುಣವೂ ಒಂದು ದೋಷವೂ ಉಂಟು. ಇದನ್ನು ಹಿಡಿಯುವ ಯಂತ್ರ ಸರಳ. ಮಧ್ಯಮ ತರಂಗದ ಅಲೆಗಳು ರಾತ್ರಿಯ ವೇಳೆ ಮೇಲಿನ ಆಕಾಶದ ವಿದ್ಯುತ್ಪೂರಿತ ಪದರಕ್ಕೆ ತಾಗಿ ಹಿಂದಿರುಗಿ, ಹಗಲಿಗಿಂತ ಎಷ್ಟೋ ದೂರ ಹೋಗಿ ಬೀಳುತ್ತವೆ. ಕತ್ತಲಾದ ಮೇಲೆ ರೇಡಿಯೊದಲ್ಲಿ ಯಾವುದೋ ಪರದೇಶದ ಭಾಷೆ ಇದ್ದಕ್ಕಿದ್ದಂತೆ ತಲೆ ಹಾಕುತ್ತಿದ್ದುದನ್ನು ಹಿರಿಯರು ಮರೆತಿರಲಾರರು. ದೋಷವೆಂದರೆ, ಗುಡುಗು ಮಿಂಚುಗಳೂ ಅಲೆಯ ಎತ್ತರವನ್ನು ಕದಡುತ್ತವೆ. ಆದ್ದರಿಂದಲೇ ಮುಂಗಾರಿನ ಸಂಜೆ ಸಂಗೀತ ಕಛೇರಿಗೆ ಮಿಂಚೂ ಪಕ್ಕವಾದ್ಯ ನುಡಿಸುತ್ತಿತ್ತು! ಈ ದೋಷವನ್ನು ನೀಗಿದ ಎಫ್.ಎಂ. ಪದ್ಧತಿಯನ್ನು ಅಮೆರಿಕದ ಎಡ್ವಿನ್ ಆರ್ಮ್‌ಸ್ಟ್ರಾಂಗ್ ನ್ಯೂಯಾರ್ಕಿನ ತಜ್ಞರ ಮುಂದೆ ಪ್ರದರ್ಶಿಸಿದ್ದು 1935ರ ನವೆಂಬರಿನಲ್ಲಿ. ಮೈಸೂರಿನ ನಿಲಯ ಆರಂಭವಾಗಿ ಇನ್ನೂ ಎರಡು ತಿಂಗಳಾಗಿರಲಿಲ್ಲ.

ಯಂತ್ರ ಸಿದ್ಧವಾಯಿತು, ಮಾತನಾಡುವವರೂ ಸಿಕ್ಕರು. ಇನ್ನು ಹೆಸರು. ಇಂಗ್ಲಿಷಿನ ಹೆಸರುಗಳೇ ಎಲ್ಲೆಲ್ಲಿಯೂ ಇದ್ದ ಕಾಲದಲ್ಲಿ ಮೈಸೂರಿನ ನಿಲಯ 'ಆಕಾಶವಾಣಿ' ಎಂದು ಕರೆದುಕೊಂಡಿತು. ಪುರಾಣ ಕೇಳಿದವರಿಗೆ ಈ ಮಾತು ಹೊಸದಲ್ಲ. ತಂಗಿಯ ಮದುವೆಯ ರಥವನ್ನು ಹೊಡೆಯುತ್ತಿದ್ದ ಕಂಸನಿಗೆ, ಈಕೆಯ ಎಂಟನೆಯ ಮಗುವಿನಿಂದ ನಿನಗೆ ಮರಣವೆಂದು ಹೇಳಿದ್ದು ಅಶರೀರವಾಣಿಯೇ. ನಾಟಕದಲ್ಲಿ ಆ ದನಿ ತೆರೆಯ ಹಿಂದಿನಿಂದ ಬರುತ್ತಿತ್ತು. ರೇಡಿಯೊದಲ್ಲಿ ಮರದ ಪೆಟ್ಟಿಗೆಯಿಂದ ಬಂತು. ಮುಖ ಕಾಣದ ಮಾತಿಗೆ ನಮ್ಮವರು ಸಾವಿರಾರು ವರ್ಷಗಳ ಹಿಂದೆಯೇ ಇಟ್ಟಿದ್ದ ಹೆಸರನ್ನು ಹುಡುಕಿ ತೆಗೆದವರ ಬುದ್ಧಿ ಮೆಚ್ಚತಕ್ಕದ್ದು.

ಆ ಹೆಸರನ್ನು ಸೂಚಿಸಿದವರು ಯಾರೆಂಬ ವಿಷಯದಲ್ಲಿ ಎರಡು ಮಾತುಗಳುಂಟು. ಗೋಪಾಲಸ್ವಾಮಿಯವರೇ ಎನ್ನುವವರಿದ್ದಾರೆ. ಅವರ ಜತೆ ನಿಲಯದ ಕೆಲಸದಲ್ಲಿ ಹೆಗಲು ಕೊಟ್ಟ ನಾ. ಕಸ್ತೂರಿಯವರು ಎನ್ನುವವರೂ ಇದ್ದಾರೆ. ಕಸ್ತೂರಿಯವರು ಹುಟ್ಟಿದ್ದು ಕೇರಳದ ತ್ರಿಪ್ಪುಣಿತ್ತುರದಲ್ಲಿ, ಮನೆಮಾತು ಮಲೆಯಾಳ. ಮೈಸೂರಿಗೆ ಬಂದು ಇತಿಹಾಸದ ಅಧ್ಯಾಪಕರಾಗಿ, ಕನ್ನಡವನ್ನು ಕಲಿತು, ಆ ಕನ್ನಡದಲ್ಲಿಯೇ ನಾಡನ್ನು ನಗಿಸಿದವರು. 'ಅನರ್ಥಕೋಶ'ವೆಂಬ ವಿನೋದದ ನಿಘಂಟನ್ನು ರಚಿಸಿದ ಲೇಖನಿಗೆ, ಒಂದು ಹೊಸ ವಸ್ತುವಿಗೆ ಅರ್ಥವತ್ತಾದ ಹೆಸರನ್ನು ಕಟ್ಟುವುದು ಕಷ್ಟವಾಗಿರಲಾರದು. 1930ರ ದಶಕದ ಕೊನೆಯಲ್ಲಿ ಕವಿ ರವೀಂದ್ರರೂ ಕಲ್ಕತ್ತೆಯ ನಿಲಯಕ್ಕಾಗಿ ಬರೆದ ಕವನದಲ್ಲಿ ಇದೇ ಮಾತನ್ನು ಬಳಸಿದರು. ಆದ್ದರಿಂದ ದೇಶದ ಬೇರೆಡೆಗಳಲ್ಲಿ ಹೆಸರಿನ ಕೀರ್ತಿ ಅವರಿಗೆ ಸಲ್ಲುವುದೂ ಉಂಟು. ಒಂದೇ ಹೂವನ್ನು ಇಬ್ಬರು ಭಕ್ತರು ಬೇರೆ ಬೇರೆ ತೋಟಗಳಲ್ಲಿ ಕೊಯ್ದು ತಂದರೆ ದೇವರಿಗೇನೂ ತಕರಾರಿಲ್ಲ. ಆದರೆ ಮೊದಲು ಏರಿಸಿದ್ದು ಮೈಸೂರಿನವರೆಂಬುದನ್ನು ಮರೆಯಬಾರದು.

ಕೀರ್ತಿಯ ಮಾತು ಹಾಗಿರಲಿ, ಖರ್ಚಿನ ಮಾತಿಗೆ ಬರೋಣ. ಹವ್ಯಾಸವೆಂಬುದು ಮೊದಲು ಕೈ ಹಿಡಿಯುತ್ತದೆ, ಆಮೇಲೆ ಜೇಬು ಹಿಡಿಯುತ್ತದೆ. ನಿಲಯ ನಡೆಸುವುದೆಂದರೆ ಯಂತ್ರ ಕೊಂಡು ತಂದರೆ ಮುಗಿಯಲಿಲ್ಲ. ಸುಟ್ಟುಹೋದ ವಾಲ್ವುಗಳನ್ನು ಬದಲಿಸಬೇಕು. ಕಲಾವಿದರನ್ನು ಕರೆತಂದು ಕಾಫಿ ತಿಂಡಿ ಕೊಟ್ಟು ಕಳುಹಿಸಬೇಕು. ನಾಳೆ ಏನು, ನಾಡಿದ್ದು ಏನು ಎಂಬ ಚಿಂತೆಯನ್ನು ಹೊತ್ತು ಮಲಗಬೇಕು. ಪತ್ರಿಕೆಯನ್ನಾದರೆ ಬೆಲೆ ಕಟ್ಟಿ ಮಾರಬಹುದು. ಗಾಳಿಯಲ್ಲಿ ಹೋಗುವ ಮಾತನ್ನು ಅಳೆದು ಕೊಡುವುದೆಂತು? ಅದನ್ನು ಕೇಳುವವರು ಎಷ್ಟು ಮಂದಿ, ಯಾರು ಎಂಬುದೂ ತಿಳಿಯದು. ಇಷ್ಟಾದರೂ ನಿಲಯ ನಿಲ್ಲಲಿಲ್ಲ. ಕೆಲಕಾಲದ ಮೇಲೆ 250 ವ್ಯಾಟಿನ ಯಂತ್ರವೂ ಬಂತು. ನಗರಸಭೆಯ ನೆರವೂ ಒದಗಿತು. 1940ರ ದಶಕದ ಮೊದಲ ವರ್ಷಗಳಲ್ಲಿ ಮೈಸೂರು ಸಂಸ್ಥಾನದ ಸರ್ಕಾರವೇ ನಿಲಯವನ್ನು ವಹಿಸಿಕೊಂಡಿತು. ಮನೆಯಲ್ಲಿ ಹುಟ್ಟಿದ ಮಗು ದೊಡ್ಡ ಮನೆಗೆ ದತ್ತು ಹೋದಂತೆ ಆಯಿತು. ಹೆತ್ತವರಿಗೆ ಒಂದು ಕಣ್ಣಿನಲ್ಲಿ ನೆಮ್ಮದಿ, ಮತ್ತೊಂದರಲ್ಲಿ ನೀರು ಬರುವ ಸಂದರ್ಭ ಅದು.

ಸ್ವಾತಂತ್ರ್ಯ ಬಂತು. ಸಂಸ್ಥಾನಗಳು ಭಾರತದಲ್ಲಿ ಸೇರಿದುವು. ಸಂಸ್ಥಾನಗಳ ಸಂಗಡ ಅವುಗಳ ಬಾನುಲಿಗಳೂ ಸೇರಬೇಕಷ್ಟೆ. 1950ನೆಯ ಇಸವಿ ಏಪ್ರಿಲ್ 1ರಂದು ಮೈಸೂರಿನ ಆಕಾಶವಾಣಿ ಆಲ್ ಇಂಡಿಯಾ ರೇಡಿಯೊದ ಅಧೀನಕ್ಕೆ ಹೋಯಿತು. ಅದೇ ವರ್ಷದ ಜನವರಿ 8ರಂದು ಧಾರವಾಡದಲ್ಲಿಯೂ ನಿಲಯವೊಂದು ಆರಂಭವಾಗಿತ್ತು. ಆಡಳಿತದ ದೃಷ್ಟಿಯಿಂದ ನೋಡಿದವರಿಗೆ ರಾಜಧಾನಿಯಾದ ಬೆಂಗಳೂರಿನಲ್ಲಿ ದೊಡ್ಡ ನಿಲಯ ಬೇಕಾಗಿತ್ತು. 1955ರ ನವೆಂಬರ್ 2ರಂದು ಬೆಂಗಳೂರು ನಿಲಯ ಆರಂಭವಾಯಿತು. ಮೈಸೂರಿನ ನಿಲಯ ಅದರಲ್ಲಿ ಲೀನವಾಯಿತು. ಏಕೀಕರಣಗೊಂಡ ರಾಜ್ಯ ಉದಯಿಸಿದ್ದು 1956ರ ನವೆಂಬರ್ 1ರಂದು. ಎಂದರೆ, ಬೆಂಗಳೂರು ನಿಲಯಕ್ಕೆ ಒಂದು ವರ್ಷ ತುಂಬುವ ಮುನ್ನಾದಿನ.

ಇದನ್ನು ಅನ್ಯಾಯವೆನ್ನಬಹುದೆ? ಅಷ್ಟು ಸುಲಭವಾಗಿ ಹೇಳಲು ಬರುವುದಿಲ್ಲ. ಸಣ್ಣ ಯಂತ್ರದ ದನಿ ಊರಿನ ಸುತ್ತಮುತ್ತ ಕೇಳಿಸಿದರೆ, ದೊಡ್ಡ ಯಂತ್ರದ ದನಿ ಹಳ್ಳಿ ಹಳ್ಳಿಗೂ ಹೋಯಿತು. ಹೊಲದಲ್ಲಿ ದುಡಿಯುವ ರೈತನಿಗೆ ಮಳೆಯ ಮುನ್ಸೂಚನೆ ಸಿಕ್ಕಿತು. ದೂರದ ಊರಿನ ಮಗು ಮೊದಲ ಸಲ ಘನ ವಿದ್ವಾಂಸರ ಹಾಡನ್ನು ಕೇಳಿತು. ಇವೆಲ್ಲ ಲಾಭಗಳೇ. ಆದರೆ ಲಾಭದ ಲೆಕ್ಕ ಬರೆಯುವ ಪುಸ್ತಕದಲ್ಲಿ ನಷ್ಟದ ಪುಟವೂ ಇರಬೇಕು. ತಮ್ಮ ಬೀದಿಯ ಮೇಷ್ಟರು ಮಾತನಾಡುವುದನ್ನೂ, ಪಕ್ಕದ ಮನೆಯ ಹುಡುಗಿ ವೀಣೆ ನುಡಿಸುವುದನ್ನೂ ರೇಡಿಯೊದಲ್ಲಿ ಕೇಳುವ ಸುಖವೇ ಬೇರೆ. ರೇಡಿಯೊ ಎಂದರೆ ದೂರದ ಮಾತು ಹತ್ತಿರ ಬರುವುದು ಮಾತ್ರವಲ್ಲ. ಹತ್ತಿರದ ಮಾತಿಗೂ ಒಂದು ಗೌರವ ಬರುವುದು. ಆ ಗೌರವ ಮೈಸೂರಿಗೆ ತಪ್ಪಿತು. ತನ್ನ ಹೆಸರಿನ ನಿಲಯವನ್ನು ಅದು ಮರಳಿ ಪಡೆದದ್ದು 1974ರ ನವೆಂಬರ್ 14ರಂದು, ಹತ್ತೊಂಬತ್ತು ವರ್ಷಗಳ ತರುವಾಯ. 'ವಿಠಲ ವಿಹಾರ'ಕ್ಕೆ ಅನತಿ ದೂರದಲ್ಲಿಯೇ ಇರುವ ಆ ನಿಲಯ ಮುಂದೆ 100.6 ಮೆಗಾಹರ್ಟ್ಸಿನಲ್ಲಿ ಎಫ್.ಎಂ. ಪ್ರಸಾರ ಕೈಗೊಂಡಿತು. ಆರ್ಮ್‌ಸ್ಟ್ರಾಂಗರ ಪದ್ಧತಿ ಗೋಪಾಲಸ್ವಾಮಿಯವರ ಬೀದಿಗೆ ಬಂದು ಸೇರಿತು.

ಇದಕ್ಕಿಂತ ದೊಡ್ಡ ನಷ್ಟ ಮತ್ತೊಂದಿದೆ. ಆ ಕಾಲದ ಪ್ರಸಾರ ಬಹುಮಟ್ಟಿಗೆ ನೇರ ಪ್ರಸಾರ. ಕಲಾವಿದರು ಬಂದು ಕುಳಿತು ಹಾಡಿದರು, ಅದು ಆಗಲೇ ಕೇಳುವವರ ಕಿವಿ ಮುಟ್ಟಿತು, ಮುಗಿಯಿತು. ಧ್ವನಿಯನ್ನು ಸುರುಳಿಯಲ್ಲಿ ಹಿಡಿದಿಡುವ ಟೇಪ್ ರೆಕಾರ್ಡರು ಬಾನುಲಿ ನಿಲಯಗಳಲ್ಲಿ ಬಳಕೆಗೆ ಬಂದದ್ದು ಎರಡನೆಯ ಮಹಾಯುದ್ಧದ ಅನಂತರ. 'ವಿಠಲ ವಿಹಾರ'ದ ಮೊದಲ ಸಂಜೆಗಳಲ್ಲಿ ಆಡಿದ ಮಾತು, ಹಾಡಿದ ಹಾಡು ಕೇಳಿದವರ ನೆನಪಿನಲ್ಲಿ ಮಾತ್ರ ಉಳಿದುವು. ಕೇಳಿದವರು ಒಬ್ಬೊಬ್ಬರಾಗಿ ಕಣ್ಮರೆಯಾದಂತೆ ಆ ಸಂಜೆಗಳು ಎರಡನೆಯ ಸಲ ಮೌನವಾಗುತ್ತಿವೆ. ಒಡೆದ ಗುಡಿಯ ಕಲ್ಲನ್ನು ಹುಡುಕಿ ಜೋಡಿಸಬಹುದು, ತಾಳೆಗರಿಯನ್ನು ಪ್ರತಿ ಮಾಡಿಕೊಳ್ಳಬಹುದು. ಗಾಳಿಗೆ ಬಿಟ್ಟ ದನಿಯನ್ನು ಹಿಂದಕ್ಕೆ ಕರೆಯಲು ಯಾರಿಂದಲೂ ಸಾಧ್ಯವಿಲ್ಲ.

ಹಾಗಾದರೆ ಉಳಿದದ್ದು ಏನು? ಹೆಸರು ಉಳಿಯಿತು. 1950ರ ದಶಕದ ಉತ್ತರಾರ್ಧದಲ್ಲಿ ಭಾರತ ಸರ್ಕಾರ ತನ್ನ ಬಾನುಲಿಗೆ 'ಆಕಾಶವಾಣಿ' ಎಂಬ ಹೆಸರನ್ನು ಸ್ವೀಕರಿಸಿತು. ಆದರೂ ಇಂಗ್ಲಿಷಿನಲ್ಲಿ ಮಾತನಾಡುವಾಗ 'ಆಲ್ ಇಂಡಿಯಾ ರೇಡಿಯೊ' ಎಂಬ 1936ರ ಹೆಸರೇ ನಡೆದುಬಂದಿತ್ತು. 2023ರ ಮೇ ತಿಂಗಳಲ್ಲಿ ಹೊರಟ ಆಜ್ಞೆಯಂತೆ ಆ ಇಂಗ್ಲಿಷ್ ಹೆಸರಿನ ಬಳಕೆಯನ್ನೂ ಬಿಟ್ಟು, ಎಲ್ಲ ಭಾಷೆಗಳಲ್ಲಿಯೂ 'ಆಕಾಶವಾಣಿ' ಎಂಬುದೊಂದನ್ನೇ ಉಳಿಸಿಕೊಳ್ಳಲಾಯಿತು. ಮೂವತ್ತು ವ್ಯಾಟಿನ ಯಂತ್ರ ಊರಿನಾಚೆಗೆ ದಾಟಿಸಲು ಒದ್ದಾಡುತ್ತಿದ್ದ ಆ ಒಂದು ಮಾತು, ಹಿಮಾಲಯದಿಂದ ಕನ್ಯಾಕುಮಾರಿಯವರೆಗೆ ಹೋಗಿ ಮುಟ್ಟಲು ಎಂಬತ್ತೆಂಟು ವರ್ಷಗಳು ಹಿಡಿದುವು.

ರಾಜರಾಜೇಶ್ವರಿನಗರದ ಆ ಮನೆಯಲ್ಲಿ ಮೊಮ್ಮಗನಿಗೆ ಇಷ್ಟೆಲ್ಲ ತಿಳಿದ ಮೇಲೆ ನಗು ಬರಲಿಲ್ಲ. ಹಿಂದೆ ಮುಂದೆ ತಿರುವಿ ಪೆಟ್ಟಿಗೆಯನ್ನು ನೋಡಿದ. ಬೆನ್ನ ಹಿಂದಿನ ರಟ್ಟಿನ ಮುಚ್ಚಳ, ಒಳಗೆ ಧೂಳು ಹಿಡಿದ ವಾಲ್ವುಗಳು, ಏರಿಯಲ್ ತಂತಿಯನ್ನು ಸಿಕ್ಕಿಸುವ ತೂತು. ಸ್ವಿಚ್ಚು ಹಾಕಿದ ಮೇಲೆ ವಾಲ್ವುಗಳು ಬಿಸಿಯೇರುವ ತನಕ ಕಾಯಬೇಕಿತ್ತೆಂದೂ, ಆ ಅರೆ ನಿಮಿಷದ ಕಾತರದಲ್ಲಿ ಮನೆಮಂದಿಯೆಲ್ಲ ಸದ್ದು ಮಾಡದೆ ಕೂಡುತ್ತಿದ್ದರೆಂದೂ, ಪೋಸ್ಟಾಫೀಸಿಗೆ ಹೋಗಿ ಲೈಸೆನ್ಸು ಹಣ ಕಟ್ಟಿ ಬರುವುದು ತಾತನ ಕೆಲಸವಾಗಿತ್ತೆಂದೂ ಅಜ್ಜಿ ಹೇಳಿದರು. 

"ಇದನ್ನು ರಿಪೇರಿ ಮಾಡಿಸೋಣವೆ ಅಜ್ಜಿ?" ಎಂದ ಮೊಮ್ಮಗ.

"ಮಾಡಿಸು. ಆದರೆ ಮೊದಲು ನಿನ್ನ ಕೈಯಲ್ಲಿರುವ ಯಂತ್ರದಲ್ಲಿ ನನ್ನ ಮಾತನ್ನು ಹಿಡಿದಿಟ್ಟುಕೊ. ಪೆಟ್ಟಿಗೆ ಇನ್ನೂ ಹತ್ತು ವರ್ಷ ಕಾದೀತು" ಎಂದರು ಅಜ್ಜಿ.

ಮೈಸೂರಿನ ಆ ಮೇಷ್ಟರಿಗೆ ದನಿಯನ್ನು ಹೊರಗೆ ಕಳುಹಿಸುವ ಯಂತ್ರವಿತ್ತು, ಹಿಡಿದಿಡುವ ಯಂತ್ರವಿರಲಿಲ್ಲ. ಇಂದಿನವರ ಜೇಬಿನಲ್ಲಿ ಎರಡೂ ಇವೆ. ಅವನ್ನು ಯಾವುದಕ್ಕೆ ಬಳಸುತ್ತೇವೆಂಬುದನ್ನು ಪ್ರತಿಯೊಂದು ಮನೆಯೂ ಒಂದು ಸಂಜೆ ಕುಳಿತು ಯೋಚಿಸುವುದು ಒಳ್ಳೆಯದು. ಮನೆಯ ಹಿರಿಯರ ದನಿಗಿಂತ ದೊಡ್ಡ ಆಕಾಶವಾಣಿ ಮನೆಗೆ ಬೇರೊಂದಿಲ್ಲ.